ಅಂತರ್ದರ್ಶಕ ಯಂತ್ರಗಳೂ ಅವುಗಳ ನಿರ್ಮಾತೃಗಳೂ

ಆಸ್ಪತ್ರೆಗಳ ಸ್ಮರಣ ಸಂಚಿಕೆಗಳಲ್ಲಿ ಸಂಸ್ಥಾಪಕರ ಭಾವಚಿತ್ರಗಳಿಗೂ ದಾನಿಗಳ ನಾಮಾವಳಿಗೂ ಹಿರಿಯ ವೈದ್ಯರ ಸೇವಾವಿವರಗಳಿಗೂ ಪುಟಗಳು ಮೀಸಲಾಗಿರುವುದು ಬಹುಕಾಲದ ವಾಡಿಕೆ. ಉಪಕರಣಗಳ ಪ್ರಸ್ತಾಪ ಬಂದರೂ ಅದು ಕೊಂಡ ವರ್ಷ, ತೆತ್ತ ಬೆಲೆ, ಉದ್ಘಾಟಿಸಿದ ಗಣ್ಯರ ಹೆಸರು ಇಷ್ಟರಲ್ಲಿಯೇ ಮುಗಿದುಹೋಗುತ್ತದೆ. ಇದರಲ್ಲಿ ಅನ್ಯಾಯವೇನೂ ಇಲ್ಲವೆನ್ನುವವರಿದ್ದಾರೆ. ಬಡಗಿಯ ಉಳಿಯನ್ನು ಬಡಿದುಕೊಟ್ಟ ಕಮ್ಮಾರನ ಹೆಸರನ್ನು ಬಾಗಿಲ ದಾರಂದದ ಮೇಲೆ ಯಾರೂ ಕೆತ್ತಿಸುವುದಿಲ್ಲವಷ್ಟೆ. ಆದರೆ ಜಠರಾಂತ್ರ ವಿಭಾಗದ ಮಟ್ಟಿಗಾದರೂ ಈ ವಾಡಿಕೆಯನ್ನು ಮೀರುವುದು ಯುಕ್ತವೆಂದು ನನಗೆ ತೋರುತ್ತದೆ. ಇಲ್ಲಿ ವೈದ್ಯನಿಗೆ ಕಾಣುವುದೆಲ್ಲವೂ ಯಂತ್ರವು ಕಾಣಿಸಿದಷ್ಟೇ. ಆ ಯಂತ್ರವನ್ನು ಬಯಸಿದವನು ವೈದ್ಯ, ಕಟ್ಟಿದವನು ಕುಶಲಕರ್ಮಿ. ಇವರಿಬ್ಬರೂ ಒಂದೆಡೆ ಕುಳಿತು ಮಾತನಾಡಿದಾಗಲೆಲ್ಲ ಈ ವಿದ್ಯೆ ಮುಂದೆ ನಡೆದಿದೆ. ಒಬ್ಬನ ಮಾತು ಇನ್ನೊಬ್ಬನ ಕಿವಿಗೆ ಬೀಳದಿದ್ದಾಗ ದಶಕಗಳ ಪರ್ಯಂತ ಇದ್ದಲ್ಲಿಯೇ ಇದ್ದಿದೆ. ಆದುದರಿಂದ ಎಂಡೋಸ್ಕೋಪು ನಿರ್ಮಿಸುವ ಕಂಪನಿಗಳ ಚರಿತ್ರೆಯನ್ನು ಬರೆಯಹೊರಟವನು ಬಂಡವಾಳದ ಲೆಕ್ಕಕ್ಕಿಂತ ಹೆಚ್ಚಾಗಿ ಯಾರು ಯಾರ ಮಾತಿಗೆ ಕಿವಿಗೊಟ್ಟರೆಂಬುದನ್ನೇ ಅರಸಬೇಕಾಗುತ್ತದೆ.

ಹೊಟ್ಟೆಗೆ ಪೈಪು ಬಿಟ್ಟು ನೋಡುವುದೆಂದು ನಮ್ಮ ಜನ ಕರೆಯುವ ಪರೀಕ್ಷೆಯನ್ನು ಮಾಡಿಸಿಕೊಂಡವರು ಬಹುಮಂದಿ ಇದ್ದರೂ ಆ ಪೈಪನ್ನು ಸಾವಧಾನದಿಂದ ನೋಡಿದವರು ಕಡಮೆ. ನೋಡುವ ಸ್ಥಿತಿಯಲ್ಲಿ ಆಗ ಅವರು ಇರುವುದೂ ಇಲ್ಲ. ಕಪಾಟಿನಲ್ಲಿ ತಲೆ ಮೇಲಾಗಿ, ಬಾಲ ಕೆಳಗಾಗಿ ತೂಗುಬಿಟ್ಟಿರುವ ಆ ಕಪ್ಪು ನಳಿಗೆ ಸುಮಾರು ಒಂದು ಮೀಟರು ಉದ್ದವಾಗಿ, ಒಂದು ಸೆಂಟಿಮೀಟರಿನ ಆಸುಪಾಸಿನ ದಪ್ಪವಾಗಿ, ಅಳತೆಯ ಬಿಳಿಯ ಗೆರೆಗಳನ್ನು ಹೊತ್ತಿರುತ್ತದೆ. ಎಡಗೈಯಲ್ಲಿ ಹಿಡಿಯುವ ಅದರ ತಲೆಯ ಪಕ್ಕದಲ್ಲಿ ಒಂದರ ಮೇಲೊಂದು ಕುಳಿತ ಎರಡು ಚಕ್ರಗಳುಂಟು: ದೊಡ್ಡದನ್ನು ಹೆಬ್ಬೆರಳಿನಿಂದ ತಿರುಗಿಸಿದರೆ ತುದಿಯು ಮೇಲಕ್ಕೂ ಕೆಳಕ್ಕೂ ಬಾಗುತ್ತದೆ, ಚಿಕ್ಕದನ್ನು ತಿರುಗಿಸಿದರೆ ಎಡಕ್ಕೂ ಬಲಕ್ಕೂ ಹೊರಳುತ್ತದೆ. ಮುಂಭಾಗದ ಗುಂಡಿಗಳಲ್ಲಿ ಒಂದು ಗಾಳಿಯನ್ನೂ ನೀರನ್ನೂ ಒಳಕ್ಕೆ ಕಳುಹಿಸುವುದಕ್ಕೆ, ಇನ್ನೊಂದು ಒಳಗಿನ ದ್ರವವನ್ನು ಹೀರುವುದಕ್ಕೆ. ಬಾಗುವ ತುದಿಯ ಒಳಗೆ ಒಂದಕ್ಕೊಂದು ಕೀಲುಗೂಡಿಸಿದ ಸಣ್ಣ ಲೋಹದ ಬಳೆಗಳ ಸಾಲಿದ್ದು, ಅವುಗಳ ನಾಲ್ಕು ಮಗ್ಗುಲುಗಳಲ್ಲಿ ನಾಲ್ಕು ತಂತಿಗಳು ಹಾದುಬಂದು ಚಕ್ರಗಳಿಗೆ ಸೇರಿರುತ್ತವೆ. ಈ ಬಳೆಗಳ ಮೇಲೆ ಹೊದಿಸಿದ ತೆಳ್ಳನೆಯ ರಬ್ಬರು ಎಷ್ಟು ಸೂಕ್ಷ್ಮವೆಂದರೆ, ರೋಗಿ ಹಲ್ಲುಗಳ ನಡುವೆ ಕಚ್ಚಿಕೊಂಡ ಪ್ಲಾಸ್ಟಿಕ್ಕಿನ ಬಳೆ ಅಕಸ್ಮಾತ್ತಾಗಿ ಜಾರಿದರೆ ಒಂದು ಕಚ್ಚಿನಿಂದಲೇ ಲಕ್ಷಗಟ್ಟಲೆ ಬೆಲೆಯ ವಸ್ತು ರಿಪೇರಿಗೆ ಹೊರಡುತ್ತದೆ. ಪ್ರತಿಯೊಂದು ಪರೀಕ್ಷೆಯಾದ ತರುವಾಯ ಇದರೊಳಕ್ಕೆ ಗಾಳಿ ತುಂಬಿ, ನೀರಿನಲ್ಲಿ ಮುಳುಗಿಸಿ, ಗುಳ್ಳೆಗಳು ಏಳುತ್ತವೆಯೋ ಎಂದು ನೋಡಿ, ಉದ್ದನೆಯ ಬ್ರಷ್ಷನ್ನು ಪ್ರತಿಯೊಂದು ನಾಳದಲ್ಲಿಯೂ ತೂರಿಸಿ ಉಜ್ಜಿ, ಆಮೇಲೆ ಔಷಧದ್ರಾವಣದಲ್ಲಿ ಅದ್ದಿಡುವ ಸಿಬ್ಬಂದಿಯ ಕೆಲಸ ವೈದ್ಯನ ಕೆಲಸಕ್ಕಿಂತ ಹೆಚ್ಚು ಹೊತ್ತು ಹಿಡಿಯುತ್ತದೆ. ಈ ತೊಳೆಯುವ ಕೋಣೆಯ ಮಾತು ಮುಂದೆ ಮತ್ತೊಮ್ಮೆ ಬರಲಿದೆ.

ಈ ಯಂತ್ರದ ಪೂರ್ವೇತಿಹಾಸ ಯೂರೋಪಿನದು. 1806ರಲ್ಲಿ ಫ್ರಾಂಕ್‌ಫರ್ಟಿನ ವೈದ್ಯ ಫಿಲಿಪ್ ಬೊಜ್ಜಿನಿ ಎಂಬಾತನು ಪೆಟ್ಟಿಗೆಯೊಂದರಲ್ಲಿ ಮೇಣದ ಬತ್ತಿಯನ್ನಿಟ್ಟು, ಅದರ ಹಿಂದೆ ಕನ್ನಡಿಯನ್ನು ನಿಲ್ಲಿಸಿ, ಬೆಳಕನ್ನು ಕೊಳವೆಯ ಮಾರ್ಗವಾಗಿ ಶರೀರದ ರಂಧ್ರಗಳೊಳಕ್ಕೆ ಹಾಯಿಸುವ ಸಾಧನವನ್ನು ವಿಯೆನ್ನಾದ ಪಂಡಿತರ ಮುಂದಿಟ್ಟನು. ಅಲ್ಲಿನ ಸೈನಿಕ ವೈದ್ಯ ವಿದ್ಯಾಲಯದವರು ಮೆಚ್ಚಿದರು, ವಿಶ್ವವಿದ್ಯಾಲಯದ ವೈದ್ಯ ಮಂಡಲಿಯವರು ಮೂಗು ಮುರಿದರು, ಬೊಜ್ಜಿನಿಯು 1809ರಲ್ಲಿ ತನ್ನ 35ನೆಯ ವಯಸ್ಸಿನಲ್ಲಿಯೇ ಟೈಫಸ್ ಜ್ವರಕ್ಕೆ ಬಲಿಯಾದನು. 1868ರಲ್ಲಿ ಫ್ರೈಬರ್ಗಿನ ಅಡಾಲ್ಫ್ ಕುಸ್‌ಮೌಲ್, ಖಡ್ಗವನ್ನು ನುಂಗಿ ಹೊಟ್ಟೆ ಹೊರೆಯುತ್ತಿದ್ದ ಒಬ್ಬ ಕಲಾವಿದನ ಗಂಟಲಿನ ಮೂಲಕ ನೆಟ್ಟನೆಯ ಕೊಳವೆಯನ್ನು ಜಠರದವರೆಗೆ ಇಳಿಸಿ ತೋರಿಸಿದನು. ಮಾರ್ಗವುಂಟೆಂಬುದು ಸಿದ್ಧವಾಯಿತು, ಬೆಳಕು ಮಾತ್ರ ಸಾಲಲಿಲ್ಲ. ವೈದ್ಯನೂ ಯಂತ್ರಶಿಲ್ಪಿಯೂ ಕೈಜೋಡಿಸಿದ ಮೊದಲ ಗಣ್ಯ ಪ್ರಸಂಗವೆಂದರೆ ಮ್ಯಾಕ್ಸಿಮಿಲಿಯನ್ ನಿಟ್ಸೆ ಮತ್ತು ವಿಯೆನ್ನಾದ ಉಪಕರಣ ತಯಾರಕ ಜೋಸೆಫ್ ಲೈಟರ್ ಇವರದು. ಇವರಿಬ್ಬರೂ ಕೂಡಿ 1879ರಲ್ಲಿ ಮೂತ್ರಕೋಶವನ್ನು ನೋಡುವ ಯಂತ್ರವನ್ನು ಸಿದ್ಧಪಡಿಸಿದರು. ಕೆಂಪಗೆ ಕಾಯ್ದ ಪ್ಲಾಟಿನಂ ತಂತಿಯೇ ಅದರ ದೀಪ, ಆ ದೀಪವು ರೋಗಿಯನ್ನು ಸುಡದಂತೆ ತಂಪುಗೊಳಿಸಲು ಸುತ್ತಲೂ ಹರಿಯುವ ನೀರು. ದೀಪವನ್ನೇ ಶರೀರದೊಳಕ್ಕೆ ಒಯ್ಯಬೇಕೆಂಬ ಈ ತತ್ತ್ವ ಮುಂದಿನ 80 ವರ್ಷಗಳ ಕಾಲ ಎಲ್ಲ ನಿರ್ಮಾತೃಗಳನ್ನೂ ಆಳಿತು, ಕಾಡಿತು ಎಂದರೂ ಸಲ್ಲುತ್ತದೆ. ಬರ್ಲಿನ್ನಿನ ಗೇಯೋರ್ಗ್ ವುಲ್ಫ್ ಎಂಬ ಉಪಕರಣಕಾರನು ರುಡಾಲ್ಫ್ ಶಿಂಡ್ಲರ್ ಎಂಬ ವೈದ್ಯನೊಡಗೂಡಿ 1932ರಲ್ಲಿ ಅರ್ಧ ಬಾಗುವ ಜಠರದರ್ಶಕವನ್ನು ಮಾಡಿದನು. ಅದರ ಕೆಳಭಾಗದಲ್ಲಿ ಒತ್ತೊತ್ತಾಗಿ ಜೋಡಿಸಿದ ಸಣ್ಣ ಮಸೂರಗಳು ಕೊಳವೆ ತುಸು ಬಾಗಿದರೂ ಚಿತ್ರವನ್ನು ಕೆಡಿಸದೆ ಮುಂದಕ್ಕೆ ದಾಟಿಸುತ್ತಿದ್ದವು. ಶಿಂಡ್ಲರ್ ಪರೀಕ್ಷೆ ಮಾಡುವಾಗ ರೋಗಿಯ ತಲೆಯನ್ನು ಹಿಡಿದುಕೊಳ್ಳುತ್ತಿದ್ದವಳು ಆತನ ಪತ್ನಿ ಗೇಬ್ರಿಯೆಲ್. ಆ ಕಾಲದಲ್ಲಿ ತಲೆ ಹಿಡಿಯುವವರ ಕೌಶಲವೂ ಕೊಳವೆ ಬಿಡುವವರ ಕೌಶಲದಷ್ಟೇ ಮುಖ್ಯವಾಗಿತ್ತು. ಯೆಹೂದಿ ಮೂಲದವನೆಂಬ ಕಾರಣದಿಂದ ನಾಜಿಗಳ ಸೆರೆಗೆ ಸಿಕ್ಕಿ, ಬಿಡುಗಡೆ ಹೊಂದಿ, 1934ರಲ್ಲಿ ಶಿಕಾಗೋ ಸೇರಿದ ಆತನ ಬೆನ್ನ ಹಿಂದೆಯೇ ಈ ವಿದ್ಯೆಯ ಗುರುಪೀಠವೂ ಅಟ್ಲಾಂಟಿಕ್ ಸಾಗರವನ್ನು ದಾಟಿತು.

ಮುಂದಿನ ದೊಡ್ಡ ಹೆಜ್ಜೆಯಾದರೋ ಯೂರೋಪಿನಲ್ಲಿಯೂ ಅಲ್ಲ, ಅಮೆರಿಕದಲ್ಲಿಯೂ ಅಲ್ಲ. ಯುದ್ಧದಲ್ಲಿ ಸೋತು, ಬೆಂದು, ಪರರ ಸೈನ್ಯದ ಅಧೀನದಲ್ಲಿದ್ದ ಜಪಾನಿನಲ್ಲಿ ಒದಗಿತು. ಟೋಕಿಯೋ ನಗರದಲ್ಲಿ 1919ರ ಅಕ್ಟೋಬರ್ 12ರಂದು ತಕೇಶಿ ಯಮಶಿತ ಎಂಬವರು ಸ್ಥಾಪಿಸಿದ ತಕಚಿಹೊ ಕಾರ್ಖಾನೆ ಜಪಾನಿನಲ್ಲಿಯೇ ಸೂಕ್ಷ್ಮದರ್ಶಕಗಳನ್ನು ಮಾಡಬೇಕೆಂಬ ಸಂಕಲ್ಪದಿಂದ ಹುಟ್ಟಿದ್ದು. ಅದರ ಮೊದಲ ಸೂಕ್ಷ್ಮದರ್ಶಕ 1920ರಲ್ಲಿ ಹೊರಬಂದಿತು, 1936ರಲ್ಲಿ ಛಾಯಾಚಿತ್ರದ ಕ್ಯಾಮರಾಗಳ ತಯಾರಿಕೆಯೂ ಆರಂಭವಾಯಿತು. ಒಲಿಂಪಸ್ ಎಂಬ ವ್ಯಾಪಾರನಾಮವನ್ನು ಬಹುಹಿಂದೆಯೇ ಧರಿಸಿದ್ದ ಈ ಸಂಸ್ಥೆ 1949ರಲ್ಲಿ ಅದನ್ನೇ ತನ್ನ ಹೆಸರಾಗಿಯೂ ಅಂಗೀಕರಿಸಿತು. ಅದೇ ವರ್ಷ ಟೋಕಿಯೋ ವಿಶ್ವವಿದ್ಯಾಲಯದ ಶಾಖಾ ಆಸ್ಪತ್ರೆಯಲ್ಲಿದ್ದ ತತ್ಸುರೊ ಉಜಿ ಎಂಬ ತರುಣ ಶಸ್ತ್ರವೈದ್ಯರು ಹೊಟ್ಟೆಯೊಳಗೆ ಹೋಗಿ ಚಿತ್ರ ತೆಗೆಯುವ ಕ್ಯಾಮರಾವೊಂದನ್ನು ಮಾಡಿಕೊಡಬಹುದೇ ಎಂಬ ಪ್ರಶ್ನೆಯೊಡನೆ ಒಲಿಂಪಸ್ಸಿನ ಬಾಗಿಲಿಗೆ ಬಂದರು. ಜಪಾನಿನಲ್ಲಿ ಜಠರದ ಕ್ಯಾನ್ಸರು ಉಳಿದೆಲ್ಲ ಕ್ಯಾನ್ಸರುಗಳಿಗಿಂತ ಹೆಚ್ಚಾಗಿ ಜನರನ್ನು ಕೊಲ್ಲುತ್ತಿದ್ದ ಕಾಲ ಅದು; ರೋಗ ಕೈಗೆ ಸಿಕ್ಕುವ ವೇಳೆಗೆ ಕೈ ಮೀರಿರುತ್ತಿತ್ತು. ಕಂಪನಿಯ ಕಡೆಯಿಂದ ಈ ಪ್ರಶ್ನೆಯನ್ನು ಎದುರಿಸಿದವರು ಮುತ್ಸುವೊ ಸುಗಿಯುರ ಎಂಬ ತಂತ್ರಜ್ಞರು. ಒಂದೇ ರೈಲಿನಲ್ಲಿ ಪ್ರಯಾಣ ಮಾಡುತ್ತಿದ್ದ ಇವರಿಬ್ಬರೂ ಬಿರುಗಾಳಿಯ ದೆಸೆಯಿಂದ ಗಾಡಿ ನಿಂತುಹೋದಾಗ ಆ ಬಿಡುವಿನ ಹೊತ್ತನ್ನೆಲ್ಲ ಇದೇ ಮಾತಿನಲ್ಲಿ ಕಳೆದರೆಂಬ ವೃತ್ತಾಂತ ಆ ನಾಡಿನಲ್ಲಿ ಪ್ರಚಲಿತವಾಗಿದೆ. ಕಂಪನಿಗಳ ಮೂಲಕಥೆಗಳಲ್ಲಿ ಬಿರುಗಾಳಿಗಳು ಸಕಾಲಕ್ಕೆ ಬೀಸುವುದು ಸಾಮಾನ್ಯವೇ ಆದರೂ, ಮುಂದೆ ನಡೆದ ಕೆಲಸಕ್ಕೆ ಆ ಬಗೆಯ ದೀರ್ಘ ಸಂಭಾಷಣೆಯೊಂದು ಬೇಕೇ ಇದ್ದಿತು.

ಬೇಕಾದ ವಸ್ತುವಿನ ಕಷ್ಟವನ್ನು ಊಹಿಸಿಕೊಳ್ಳಬೇಕು. ನುಂಗಬಹುದಾದ ದಪ್ಪದ ಕೊಳವೆಯ ತುದಿಯಲ್ಲಿ ಮಸೂರವಿರಬೇಕು, ಅದರ ಮಗ್ಗುಲಲ್ಲಿ ಕ್ಷಣಮಾತ್ರ ಹೊತ್ತಿ ಆರುವ ದೀಪವಿರಬೇಕು, ಹಿಂದೆ ಫಿಲ್ಮಿನ ಸುರುಳಿಯಿರಬೇಕು, ಒಂದು ಚಿತ್ರವಾದ ಮೇಲೆ ಇನ್ನೊಂದಕ್ಕೆ ಅದು ಸರಿಯಬೇಕು. ಇದಷ್ಟೂ ಜಠರರಸದಲ್ಲಿ ಮುಳುಗಿದ್ದರೂ ತೊಟ್ಟು ನೀರೂ ಒಳಗೆ ನುಸುಳಕೂಡದು. ಸುಗಿಯುರ ಮತ್ತು ಅವರ ಸಹೋದ್ಯೋಗಿ ಶೋಜಿ ಫುಕಾಯಿ ಇವರು ಫಿಲ್ಮನ್ನು ಕಿರಿದಾದ ಪಟ್ಟಿಗಳಾಗಿ ಕೊಯ್ದು, ಹೊರಗಿನಿಂದ ತಂತಿಯೊಂದನ್ನು ಎಳೆದರೆ ಅದು ಸುತ್ತಿಕೊಳ್ಳುವ ಏರ್ಪಾಟನ್ನು ಮಾಡಿದರು. ಅತ್ಯಲ್ಪ ಗಾತ್ರದ ಬಲ್ಬುಗಳು ಒಂದಾದ ಮೇಲೊಂದು ಸುಟ್ಟುಹೋಗುತ್ತಿದ್ದುದನ್ನು ಸಹಿಸಿದರು. ನಾಯಿಗಳ ಮೇಲೆ ಪರೀಕ್ಷಿಸಿದರು. 1950ರಲ್ಲಿ ಮೊದಲ ಮಾದರಿ ಸಿದ್ಧವಾಯಿತು, 1952ರಲ್ಲಿ ಜಠರ ಕ್ಯಾಮರಾ ಮಾರಾಟಕ್ಕೆ ಬಂದಿತು. ಈ ಯಂತ್ರದಲ್ಲಿ ಕಣ್ಣಿಟ್ಟು ನೋಡುವ ಅವಕಾಶವೇ ಇರಲಿಲ್ಲವೆಂಬುದನ್ನು ಇಂದಿನವರು ಮರೆಯುತ್ತಾರೆ. ವೈದ್ಯನು ಕೋಣೆಯನ್ನು ಕತ್ತಲೆ ಮಾಡಿಕೊಂಡು, ಒಳಗೆ ದೀಪ ಮಿಂಚಿದಾಗ ಹೊಟ್ಟೆಯ ಚರ್ಮದ ಮೇಲೆ ಹೊಳೆಯುವ ಮಂದಪ್ರಕಾಶದಿಂದ ತುದಿ ಎಲ್ಲಿದೆಯೆಂದು ಊಹಿಸಿ, ಒಂದು ಕ್ರಮದಲ್ಲಿ ಚಿತ್ರಗಳನ್ನು ತೆಗೆಯುತ್ತ ಹೋಗಬೇಕಿತ್ತು. ತಾನು ಏನನ್ನು ಕಂಡೆನೆಂಬುದು ಫಿಲ್ಮನ್ನು ತೊಳೆದ ಮೇಲೆಯೇ ಅವನಿಗೆ ತಿಳಿಯುತ್ತಿತ್ತು.

ಆದರೆ ಈ ಕುರುಡುತನವೇ ಒಂದು ವರವಾಯಿತೆಂದು ನನ್ನ ಅಭಿಪ್ರಾಯ. ಕೊಳವೆಯಲ್ಲಿ ಕಣ್ಣಿಟ್ಟು ನೋಡುವ ಪಾಶ್ಚಾತ್ಯ ವೈದ್ಯನು ಕಂಡದ್ದು ಅವನೊಬ್ಬನ ಸ್ಮೃತಿಯಲ್ಲಿ ಉಳಿಯುತ್ತಿತ್ತು. ಜಪಾನಿನ ವೈದ್ಯನ ಕೈಯಲ್ಲಿಯಾದರೋ ಎಲ್ಲರೆದುರಿಗೆ ಹರಡಿ ಚರ್ಚಿಸಬಹುದಾದ ಚಿತ್ರಮಾಲಿಕೆಯೇ ಇರುತ್ತಿತ್ತು. 1955ರಲ್ಲಿ ಜಠರ ಕ್ಯಾಮರಾದ ಅಧ್ಯಯನಕ್ಕೆಂದೇ ವೈದ್ಯರ ಗೋಷ್ಠಿಯೊಂದು ಏರ್ಪಟ್ಟಿತು. ಇಂದಿನ ಜಪಾನ್ ಜಠರಾಂತ್ರ ಅಂತರ್ದರ್ಶನ ಸಂಘದ ಬೀಜ ಅದೇ. ಇಂತಹ ಕೂಟಗಳಲ್ಲಿ ಶಸ್ತ್ರಕ್ರಿಯೆಯಿಂದ ಹೊರತೆಗೆದ ಜಠರದ ತುಣುಕನ್ನು ಒಂದು ಕಡೆ, ಮೊದಲು ತೆಗೆದಿದ್ದ ಚಿತ್ರವನ್ನು ಮತ್ತೊಂದು ಕಡೆ ಇಟ್ಟು ಗೆರೆಗೆ ಗೆರೆ ಹೋಲಿಸುವ ಪರಿಪಾಠ ಬೆಳೆಯಿತು. 1962ರಲ್ಲಿ ಆರಂಭಾವಸ್ಥೆಯ ಜಠರ ಕ್ಯಾನ್ಸರಿಗೆ ಅವರು ಕೊಟ್ಟ ಲಕ್ಷಣ, ಅಂದರೆ ಲೋಳೆಪೊರೆಯನ್ನೂ ಅದರ ಕೆಳಪದರವನ್ನೂ ದಾಟದ ರೋಗವೆಂಬ ನಿರೂಪಣೆ, ಉಬ್ಬು, ಮಟ್ಟಸ, ತಗ್ಗು ಎಂಬ ಆಕಾರಭೇದಗಳ ವರ್ಗೀಕರಣ, ಇವು ಇಂದಿಗೂ ಜಗತ್ತಿನಾದ್ಯಂತ ಬಳಕೆಯಲ್ಲಿವೆ. ಕಂಪನಿಯೊಂದರ ಕ್ಯಾಮರಾ ವೈದ್ಯಶಾಸ್ತ್ರದ ಅಧ್ಯಾಯವೊಂದನ್ನು ಹೀಗೆ ಬರೆಯಿಸಿದ್ದು ಅಪರೂಪ. ಒಲಿಂಪಸ್ ಮುಂದೆ ಪಡೆದ ಅಗ್ರಸ್ಥಾನಕ್ಕೆ ಮಸೂರಗಳ ಗುಣದಷ್ಟೇ ಈ ಗೋಷ್ಠಿಗಳೂ ಕಾರಣ.

ಇತ್ತ ಇಂಗ್ಲೆಂಡಿನಲ್ಲಿ ಇನ್ನೊಂದು ಸಂಭಾಷಣೆ ನಡೆದಿತ್ತು. ಲಂಡನ್ನಿನ ಇಂಪೀರಿಯಲ್ ಕಾಲೇಜಿನ ಭೌತವಿಜ್ಞಾನಿ ಹೆರಾಲ್ಡ್ ಹಾಪ್‌ಕಿನ್ಸ್ ಅವರಿಗೆ ಔತಣವೊಂದರಲ್ಲಿ ಭೇಟಿಯಾದ ವೈದ್ಯ ಹ್ಯೂ ಗೇನ್ಸ್‌ಬರೋ, ಬಾಗದ ಜಠರದರ್ಶಕಗಳಿಂದ ರೋಗಿಗೂ ತನಗೂ ಆಗುವ ಬವಣೆಯನ್ನು ತೋಡಿಕೊಂಡರು. ಬೆಳಕು ನೇರವಾಗಿಯೇ ಚಲಿಸುವುದಾದರೂ ತೆಳ್ಳನೆಯ ಗಾಜಿನೆಳೆಯೊಳಗೆ ಹೊಕ್ಕರೆ ಗೋಡೆಯಿಂದ ಗೋಡೆಗೆ ಪ್ರತಿಫಲಿಸುತ್ತ ಎಳೆ ಬಾಗಿದ ಕಡೆಗೆಲ್ಲ ಬಾಗಿ ಹೋಗುತ್ತದೆ. ಸಾವಿರಾರು ಎಳೆಗಳನ್ನು ಎರಡು ತುದಿಗಳಲ್ಲಿಯೂ ಒಂದೇ ಕ್ರಮದಲ್ಲಿ ಜೋಡಿಸಿದರೆ ಒಂದೊಂದು ಎಳೆಯೂ ಚಿತ್ರದ ಒಂದೊಂದು ಚುಕ್ಕೆಯನ್ನು ಹೊತ್ತು ತರುತ್ತದೆ. ಹಾಪ್‌ಕಿನ್ಸ್ ಅವರೂ ಅವರ ಶಿಷ್ಯ ನರಿಂದರ್ ಸಿಂಗ್ ಕಪಾನಿಯವರೂ ಇದನ್ನು ಪ್ರಯೋಗದಿಂದ ಸಾಧಿಸಿ 1954ರ ಜನವರಿಯಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದರು. ಪಂಜಾಬಿನ ಮೋಗಾದಲ್ಲಿ ಹುಟ್ಟಿ, ಆಗ್ರಾದಲ್ಲಿ ಓದಿದ ಕಪಾನಿಯವರ ಪಾತ್ರ ಇಲ್ಲಿ ಎಷ್ಟೆಂಬುದನ್ನು ನಮ್ಮ ದೇಶ ತಡವಾಗಿ ನೆನೆಯಿತು. ಪದ್ಮವಿಭೂಷಣ ಅವರಿಗೆ ಸಂದದ್ದು 2021ರಲ್ಲಿ, ಅವರು ತೀರಿಕೊಂಡ ಮರುವರ್ಷ.

‘ನೇಚರ್’ ಪತ್ರಿಕೆಯ ಆ ಲೇಖನವನ್ನೋದಿ ಲಂಡನ್ನಿಗೆ ಬಂದು ಗಾಜಿನೆಳೆಗಳ ಕಟ್ಟನ್ನು ಕಣ್ಣಾರೆ ಕಂಡವರಲ್ಲಿ ಬೇಸಿಲ್ ಹಿರ್ಶೊವಿಟ್ಸ್ ಒಬ್ಬರು. ದಕ್ಷಿಣ ಆಫ್ರಿಕದಲ್ಲಿ ಹುಟ್ಟಿ, ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದಲ್ಲಿದ್ದ ಈ ವೈದ್ಯರು ಅಲ್ಲಿನ ಭೌತವಿಜ್ಞಾನಿ ವಿಲ್ಬರ್ ಪೀಟರ್ಸ್ ಅವರ ನೆರವನ್ನೂ, ಇನ್ನೂ ಪದವಿ ಮುಗಿಸದ ಲ್ಯಾರಿ ಕರ್ಟಿಸ್ ಎಂಬ ಹುಡುಗನ ದುಡಿಮೆಯನ್ನೂ ಗಳಿಸಿಕೊಂಡರು. ಬರಿಯ ಗಾಜಿನೆಳೆಗಳು ಒಂದನ್ನೊಂದು ತಗುಲಿದಲ್ಲೆಲ್ಲ ಬೆಳಕು ಸೋರಿ ಚಿತ್ರ ಮಸುಕಾಗುತ್ತಿತ್ತು. ಒಂದು ಜಾತಿಯ ಗಾಜಿನ ಸಲಾಕೆಯನ್ನು ಇನ್ನೊಂದು ಜಾತಿಯ ಗಾಜಿನ ಕೊಳವೆಯೊಳಗಿಟ್ಟು ಎರಡನ್ನೂ ಕೂಡಿಯೇ ಕಾಯಿಸಿ ಎಳೆದರೆ ಪ್ರತಿಯೊಂದು ಎಳೆಗೂ ತನ್ನದೇ ಕವಚ ದೊರೆಯುವುದೆಂಬ ಕರ್ಟಿಸನ ಯೋಚನೆಯನ್ನು ಹಿರಿಯರು ನಂಬಲಿಲ್ಲ. ಅವರು ಊರಿನಲ್ಲಿಲ್ಲದ ವೇಳೆ ನೋಡಿ 1956ರ ಡಿಸೆಂಬರಿನಲ್ಲಿ ಆತನು ಅದನ್ನು ಮಾಡಿಯೇ ಬಿಟ್ಟನು. ಎಳೆಯನ್ನು ಸುತ್ತಲು ಆ ಪ್ರಯೋಗಶಾಲೆಯಲ್ಲಿ ಬಳಕೆಯಾದದ್ದು ಓಟ್ಸ್ ತುಂಬಿ ಬರುತ್ತಿದ್ದ ರಟ್ಟಿನ ದುಂಡು ಡಬ್ಬ. 1957ರ ಫೆಬ್ರವರಿಯಲ್ಲಿ ಹಿರ್ಶೊವಿಟ್ಸ್ ಸಿದ್ಧವಾದ ಯಂತ್ರವನ್ನು ಮೊದಲು ತಮ್ಮ ಗಂಟಲಿಗೇ ಇಳಿಸಿಕೊಂಡರು, ಕೆಲವೇ ದಿನಗಳಲ್ಲಿ ರೋಗಿಯೊಬ್ಬಳಿಗೆ ಪರೀಕ್ಷೆ ಮಾಡಿದರು. ಮೂತ್ರಕೋಶದರ್ಶಕಗಳ ತಯಾರಿಕೆಯಲ್ಲಿ ಹೆಸರು ಪಡೆದಿದ್ದ ಎಸಿಎಂಐ ಎಂಬ ಅಮೆರಿಕದ ಕಂಪನಿ ಇದನ್ನು ಕೈಗೆತ್ತಿಕೊಂಡಿತಾದರೂ ಕೈಯಿಂದ ಕಟ್ಟಿದ ಒಂದು ಮಾದರಿಗೂ ಕಾರ್ಖಾನೆಯಿಂದ ಹೊರಡುವ ಸರಕಿಗೂ ಇರುವ ಅಂತರವನ್ನು ದಾಟಲು ಮೂರು ವರ್ಷಗಳು ಹಿಡಿದವು. ಮಾರಾಟದ ಮೊದಲ ಫೈಬರ್‌ಸ್ಕೋಪು 1960ರಲ್ಲಿ ಬಂದಿತು. 1961ರಲ್ಲಿ ‘ಲ್ಯಾನ್ಸೆಟ್’ ಪತ್ರಿಕೆಯಲ್ಲಿ ಹಿರ್ಶೊವಿಟ್ಸ್ ಬರೆದ ಮೇಲೆ ಹಳೆಯ ಜಠರದರ್ಶಕಗಳ ದಿನ ಮುಗಿಯಿತು.

ಇಷ್ಟಾದರೂ ಈ ಕ್ಷೇತ್ರದ ನಾಯಕತ್ವ ಎಸಿಎಂಐಯಲ್ಲಿ ನಿಲ್ಲಲಿಲ್ಲ. ಒಲಿಂಪಸ್ 1964ರಲ್ಲಿ ತನ್ನ ಜಠರ ಕ್ಯಾಮರಾಕ್ಕೆ ಗಾಜಿನೆಳೆಯ ಕಟ್ಟನ್ನು ಸೇರಿಸಿ, ನೋಡುತ್ತಲೇ ಚಿತ್ರ ತೆಗೆಯಬಹುದಾದ ಯಂತ್ರವನ್ನು ಹೊರತಂದಿತು. ನಾಲ್ಕು ದಿಕ್ಕುಗಳಿಗೆ ಬಾಗುವ ತುದಿ, ತುಣುಕು ತೆಗೆಯುವ ಇಕ್ಕಳದ ನಾಳ, ದೊಡ್ಡ ಕರುಳಿಗೆ ಬೇರೆಯದೇ ಆದ ಉದ್ದನೆಯ ಯಂತ್ರ, ಹೀಗೆ ವೈದ್ಯರು ಕೇಳಿದುದನ್ನೆಲ್ಲ ಜಪಾನಿನ ಕಾರ್ಖಾನೆಗಳು ವರ್ಷ ವರ್ಷವೂ ಕೂಡಿಸುತ್ತ ಬಂದವು. ನ್ಯೂಯಾರ್ಕಿನಲ್ಲಿ ವಿಲಿಯಂ ವುಲ್ಫ್ ಅವರೊಡನೆ ಕೆಲಸಮಾಡುತ್ತಿದ್ದ ಹಿರೋಮಿ ಶಿನ್ಯ 1969ರಲ್ಲಿ ತಂತಿಯ ಕುಣಿಕೆಯಿಂದ ಕರುಳಿನ ಗಂಟನ್ನು ಹೊಟ್ಟೆ ಕೊಯ್ಯದೆಯೇ ತೆಗೆದರು. ನೋಡುವ ಯಂತ್ರವು ಅಂದು ಚಿಕಿತ್ಸೆಯ ಯಂತ್ರವೂ ಆಯಿತು. ಪೆಂಟಾಕ್ಸ್, ಫ್ಯೂಜಿ ಎಂಬ ಬೇರೆ ಎರಡು ಜಪಾನೀ ಸಂಸ್ಥೆಗಳೂ ಸ್ಪರ್ಧೆಗಿಳಿದವು; ಇವೂ ಛಾಯಾಗ್ರಹಣದ ಮನೆತನದವೇ. ಜಠರಾಂತ್ರದ ಬಾಗುವ ಸ್ಕೋಪುಗಳಲ್ಲಿ ಜಗತ್ತಿನ ಮಾರುಕಟ್ಟೆಯ ಸುಮಾರು ಶೇಕಡಾ 70ರಷ್ಟು ಒಲಿಂಪಸ್ಸಿನದೆಂದು ಸಾಮಾನ್ಯವಾಗಿ ಅಂದಾಜು ಮಾಡುತ್ತಾರೆ. ಎಸಿಎಂಐ ಹಲವು ಕೈ ಬದಲಿಸಿ, 2008ರಲ್ಲಿ ಒಲಿಂಪಸ್ಸಿನ ಒಡೆತನಕ್ಕೇ ಬಂದು ಸೇರಿತು.

ಬಾಗದ ಸ್ಕೋಪುಗಳ ಕಥೆ ಬೇರೆ. ಅದರ ನೆಲೆ ಜರ್ಮನಿಯ ಡಾನ್ಯೂಬ್ ನದಿಯ ಮೇಲ್ಭಾಗದಲ್ಲಿರುವ ಟುಟ್‌ಲಿಂಗೆನ್ ಎಂಬ ಸಣ್ಣ ಪಟ್ಟಣ. ಚಾಕು ಕತ್ತರಿಗಳ ಕುಲುಮೆಗಳಿಂದ ಆರಂಭವಾಗಿ, ಶಸ್ತ್ರಚಿಕಿತ್ಸೆಯ ಉಪಕರಣಗಳನ್ನು ತಯಾರಿಸುವ ನೂರಾರು ಕಾರ್ಖಾನೆಗಳು ಆ ಪಟ್ಟಣದಲ್ಲಿಯೂ ಸುತ್ತಮುತ್ತಲೂ ನೆಲೆಸಿವೆ. ಅಲ್ಲಿಯೇ 1911ರಲ್ಲಿ ಹುಟ್ಟಿ, ಉಪಕರಣ ತಯಾರಿಕೆಯನ್ನು ಕಸುಬಾಗಿ ಕಲಿತ ಕಾರ್ಲ್ ಸ್ಟೋರ್ಸ್ ಯುದ್ಧ ಮುಗಿದ 1945ರಲ್ಲಿಯೇ ಸ್ವಂತ ಉದ್ಯಮವನ್ನು ತೆರೆದರು. ಕಿವಿ, ಮೂಗು, ಗಂಟಲಿನ ವೈದ್ಯರಿಗೆ ಬೇಕಾದ ಹಣೆದೀಪಗಳೂ ಭೂತಗನ್ನಡಿಗಳೂ ಅವರ ಮೊದಮೊದಲ ಸರಕು. 1960ರಲ್ಲಿ ಅವರು ದೀಪವನ್ನು ಶರೀರದ ಹೊರಗೇ ಉಳಿಸಿ, ಅದರ ಬೆಳಕನ್ನಷ್ಟೇ ಗಾಜಿನೆಳೆಗಳ ಮೂಲಕ ಒಳಕ್ಕೆ ಕಳುಹಿಸುವ ಶೀತಲ ಪ್ರಕಾಶದ ಏರ್ಪಾಟನ್ನು ತಂದರು. ನಿಟ್ಸೆಯ ಕಾಲದಿಂದ ಬಂದ ಸುಡುವ ದೀಪದ ಭಯ ಅಲ್ಲಿಗೆ ತೀರಿತು.

ಇದೇ ವೇಳೆಯಲ್ಲಿ ಹಾಪ್‌ಕಿನ್ಸ್ ಮತ್ತೊಂದು ಸಮಸ್ಯೆಯನ್ನು ಬಿಡಿಸಿ ಕುಳಿತಿದ್ದರು. ಲಿವರ್‌ಪೂಲಿನ ಮೂತ್ರರೋಗತಜ್ಞ ಜೇಮ್ಸ್ ಗೌ ಎಂಬವರು ಮೂತ್ರಕೋಶದ ಒಳಭಾಗವನ್ನು ಛಾಯಾಚಿತ್ರವಾಗಿ ತೆಗೆಯಬೇಕೆಂದಿದ್ದರು, ಹಳೆಯ ಯಂತ್ರದಲ್ಲಿ ಬೆಳಕು ಸಾಲುತ್ತಿರಲಿಲ್ಲ. ಹಳೆಯ ಕ್ರಮದಲ್ಲಿ ಉದ್ದನೆಯ ಗಾಳಿಯ ಅವಕಾಶಗಳ ನಡುವೆ ಅಲ್ಲಲ್ಲಿ ತೆಳ್ಳನೆಯ ಮಸೂರಗಳನ್ನು ನಿಲ್ಲಿಸುತ್ತಿದ್ದರು. ಹಾಪ್‌ಕಿನ್ಸ್ ಇದನ್ನು ತಲೆಕೆಳಗು ಮಾಡಿ, ಉದ್ದನೆಯ ಗಾಜಿನ ಸಲಾಕೆಗಳ ನಡುವೆ ಸಣ್ಣ ಗಾಳಿಯ ಅವಕಾಶಗಳನ್ನು ಬಿಟ್ಟರು. ಗಾಳಿಯೇ ಮಸೂರದ ಕೆಲಸ ಮಾಡುವ ಈ ವ್ಯವಸ್ಥೆಯಲ್ಲಿ ಬೆಳಕು ಬಹುಪಟ್ಟು ಹೆಚ್ಚಾಗಿ ದಾಟಿತು, ದೃಷ್ಟಿಯ ಹರವೂ ವಿಸ್ತರಿಸಿತು, ಕೊಳವೆಯನ್ನು ಸಪುರಗೊಳಿಸುವ ಅವಕಾಶವೂ ಒದಗಿತು. 1959ರಲ್ಲಿ ಪೇಟೆಂಟಿಗೆ ಅರ್ಜಿಯೂ ಹೋಯಿತು. ಬ್ರಿಟಿಷ್ ಕಂಪನಿಗಳೂ ಅಮೆರಿಕದ ಕಂಪನಿಗಳೂ ಇದನ್ನು ಕೈಗೆತ್ತಿಕೊಳ್ಳಲು ಒಪ್ಪಲಿಲ್ಲ. ಬ್ರಿಟಿಷರ ಪಾಲಿಗೆ ತಮ್ಮ ನಾಡಿನ ವಿಜ್ಞಾನಿ, ತಮ್ಮ ನಾಡಿನ ವೈದ್ಯ, ತಮ್ಮ ನಾಡಿನಲ್ಲೇ ಆದ ಯಂತ್ರ; ಕೇಳುವವರು ಮಾತ್ರ ತಮ್ಮ ನಾಡಿನಲ್ಲಿ ಇರಲಿಲ್ಲ. ಹಂಗೆರಿಯಲ್ಲಿ ಹುಟ್ಟಿದ ಶಸ್ತ್ರವೈದ್ಯ ಜಾರ್ಜ್ ಬರ್ಸಿ ಇದರ ಬೆಲೆಯನ್ನು ಅರಿತವರಲ್ಲಿ ಒಬ್ಬರು. 1960ರ ದಶಕದ ನಡುಭಾಗದಲ್ಲಿ ಹಾಪ್‌ಕಿನ್ಸ್ ಮತ್ತು ಸ್ಟೋರ್ಸ್ ಇವರ ಸಂಬಂಧ ಕೂಡಿಬಂದು, 1967ರಿಂದ ಟುಟ್‌ಲಿಂಗೆನ್ನಿನ ಕಾರ್ಖಾನೆ ಹಾಪ್‌ಕಿನ್ಸ್ ಹೆಸರನ್ನೇ ಹೊತ್ತ ಸ್ಕೋಪುಗಳನ್ನು ಮಾರತೊಡಗಿತು. ಇಂದು ಪಿತ್ತಕೋಶದ ಕಲ್ಲಿಗಾಗಲಿ, ಮೂಗಿನ ಸೈನಸ್ಸಿಗಾಗಲಿ, ಮಂಡಿಯ ಕೀಲಿಗಾಗಲಿ ರಂಧ್ರದ ಮೂಲಕ ನಡೆಯುವ ಶಸ್ತ್ರಕ್ರಿಯೆಯಲ್ಲಿ ತೆರೆಯ ಮೇಲೆ ಮೂಡುವ ಆ ನಿಚ್ಚಳ ಚಿತ್ರ ಈ ಸಲಾಕೆಗಳ ಪ್ರಸಾದ. 1996ರಲ್ಲಿ ಕಾರ್ಲ್ ಸ್ಟೋರ್ಸ್ ಕಾಲವಾದ ಮೇಲೆ ಮಗಳು ಸಿಬಿಲ್ ಸ್ಟೋರ್ಸ್ ಸಂಸ್ಥೆಯನ್ನು ನಡೆಸಿದರು. ಷೇರು ಪೇಟೆಗೆ ಹೋಗದೆ ಅದು ಕುಟುಂಬದ ಸ್ವತ್ತಾಗಿಯೇ ಉಳಿದಿದೆ.

ವಿಡಿಯೋ ಯುಗದ ವೃತ್ತಾಂತವನ್ನು ಬೇಗನೆ ಹೇಳಿಬಿಡಬಹುದು. 1983ರಲ್ಲಿ ಅಮೆರಿಕದ ವೆಲ್ಚ್ ಆಲಿನ್ ಕಂಪನಿ ಗಾಜಿನೆಳೆಯ ಕಟ್ಟನ್ನು ಕೈಬಿಟ್ಟು, ಬೆಳಕನ್ನು ವಿದ್ಯುತ್ ಸಂಕೇತವನ್ನಾಗಿ ಮಾರ್ಪಡಿಸುವ ಸಿಸಿಡಿ ಚಿಪ್ಪನ್ನೇ ಸ್ಕೋಪಿನ ತುದಿಯಲ್ಲಿಟ್ಟಿತು. ಕುತ್ತಿಗೆ ಬಗ್ಗಿಸಿ ಒಂಟಿ ಕಣ್ಣಿನಿಂದ ನೋಡುತ್ತಿದ್ದ ವೈದ್ಯನು ನೆಟ್ಟಗೆ ನಿಂತು ತೆರೆಯನ್ನು ನೋಡುವಂತಾದನು. ನರ್ಸಿಗೂ ವಿದ್ಯಾರ್ಥಿಗೂ ಅದೇ ಹೊತ್ತಿಗೆ ಅದೇ ದೃಶ್ಯ ಕಾಣಿಸತೊಡಗಿತು. ಹೊಸ ದಾರಿಯನ್ನು ತೆರೆದ ಆ ಕಂಪನಿ ಮುಂದೆ ಈ ವ್ಯಾಪಾರದಿಂದ ಹಿಂದೆ ಸರಿಯಿತು, ಫಲವನ್ನು ಜಪಾನಿನವರು ಉಂಡರು. ಇಸ್ರೇಲಿನ ಗೇವ್ರಿಯೆಲ್ ಇಡ್ಡಾನ್ ಎಂಬ ಕ್ಷಿಪಣಿ ವಿಭಾಗದ ಎಂಜಿನಿಯರು ಗೆಳೆಯನಾದ ಜಠರಾಂತ್ರತಜ್ಞನೊಬ್ಬನ ಮಾತಿನಿಂದ ಪ್ರೇರಿತರಾಗಿ ರೂಪಿಸಿದ ನುಂಗುವ ಕ್ಯಾಮರಾ ಗುಳಿಗೆ, 11 ಮಿಲಿಮೀಟರು ದಪ್ಪ, 26 ಮಿಲಿಮೀಟರು ಉದ್ದ, 2001ರಲ್ಲಿ ಅಮೆರಿಕದ ಅನುಮತಿ ಪಡೆಯಿತು. ಮೇಲಿನಿಂದಲೂ ಕೆಳಗಿನಿಂದಲೂ ಯಾವ ಕೊಳವೆಯೂ ಸುಲಭವಾಗಿ ಮುಟ್ಟದ ಸಣ್ಣ ಕರುಳಿನ ಮಧ್ಯಭಾಗ ಅದರಿಂದ ಗೋಚರವಾಯಿತು. ಅದನ್ನು ಮಾಡಿದ ಗಿವನ್ ಇಮೇಜಿಂಗ್ 2014ರಲ್ಲಿ ದೊಡ್ಡ ಕಂಪನಿಯೊಂದರಲ್ಲಿ ಲೀನವಾಯಿತು.

ಸಂಸ್ಥೆಗಳ ಚರಿತ್ರೆಯನ್ನು ಬರೆಯುವಾಗ ಕೀರ್ತಿಯನ್ನು ಬರೆದು ಅಪಕೀರ್ತಿಯನ್ನು ಬಿಡುವುದು ಸಂಚಿಕೆಗಳ ಸಂಪ್ರದಾಯವೇ ಇದ್ದೀತು, ಈ ಲೇಖನದಲ್ಲಿ ಅದು ಸಲ್ಲದು. 2011ರ ಅಕ್ಟೋಬರ್ 14ರಂದು ಒಲಿಂಪಸ್ ತನ್ನ ಬ್ರಿಟಿಷ್ ಮುಖ್ಯಾಧಿಕಾರಿ ಮೈಕೇಲ್ ವುಡ್‌ಫರ್ಡ್ ಅವರನ್ನು, ಆ ಪದವಿಗೇರಿ ಎರಡು ವಾರಗಳಾಗುವಷ್ಟರಲ್ಲಿ, ಹೊರಹಾಕಿತು; ಅವರು ಕೇಳುತ್ತಿದ್ದ ಲೆಕ್ಕಗಳಿಗೆ ಉತ್ತರವಿರಲಿಲ್ಲ. 1990ರ ದಶಕದ ಹೂಡಿಕೆಗಳಲ್ಲಿ ಆದ ಭಾರಿ ನಷ್ಟವನ್ನು ವರ್ಷಗಟ್ಟಲೆ ಮುಚ್ಚಿಟ್ಟು, ಬೇರೆ ಕಂಪನಿಗಳನ್ನು ಕೊಂಡ ನೆವದಲ್ಲಿ ಅದನ್ನು ತೀರಿಸಿಕೊಂಡಿದ್ದ ಸಂಗತಿ ಕೆಲವೇ ವಾರಗಳಲ್ಲಿ ಬಯಲಾಯಿತು. ಕ್ಯಾಮರಾದ ವ್ಯಾಪಾರ ಕುಗ್ಗುತ್ತಿದ್ದ ಆ ದಿನಗಳಲ್ಲಿ ಸಂಸ್ಥೆಯನ್ನು ಮುಳುಗದಂತೆ ಎತ್ತಿಹಿಡಿದದ್ದು ಎಂಡೋಸ್ಕೋಪುಗಳ ಆದಾಯ. ಸೋನಿ ಕಂಪನಿ ಬಂಡವಾಳ ಹೂಡಿತು. 2021ರಲ್ಲಿ ಒಲಿಂಪಸ್ ಕ್ಯಾಮರಾ ವಿಭಾಗವನ್ನು ಪರಭಾರೆ ಮಾಡಿತು, 2023ರಲ್ಲಿ ತಾನು ಯಾವುದಕ್ಕಾಗಿ ಹುಟ್ಟಿತ್ತೋ ಆ ಸೂಕ್ಷ್ಮದರ್ಶಕದ ವಿಭಾಗವನ್ನೂ ಮಾರಿತು.

ಲೆಕ್ಕಪತ್ರದ ಈ ವಂಚನೆಗಿಂತ ನನ್ನ ದೃಷ್ಟಿಯಲ್ಲಿ ಗುರುತರವಾದದ್ದು ಇನ್ನೊಂದು. ಪಿತ್ತನಾಳದ ಕಲ್ಲು ತೆಗೆಯಲು ಬಳಸುವ ಡುವೋಡಿನೋಸ್ಕೋಪಿನ ತುದಿಯಲ್ಲಿ, ಒಳಗಿನಿಂದ ಬರುವ ತಂತಿಯನ್ನು ಬೇಕಾದ ಕೋನಕ್ಕೆ ಎತ್ತಿಕೊಡುವ ಒಂದು ಸಣ್ಣ ಸನ್ನೆಯುಂಟು. ಅದರ ಹಿಂದಿನ ಸಂದು ಅತಿ ಇಕ್ಕಟ್ಟಾದುದು. ಪಿತ್ತರಸವೂ ಲೋಳೆಯೂ ಅಲ್ಲಿ ಕುಳಿತರೆ ಬ್ರಷ್ಷು ತಲಪುವುದು ಕಷ್ಟ. ಒಲಿಂಪಸ್ ತಂದ ಟಿಜೆಎಫ್-ಕ್ಯೂ180ವಿ ಎಂಬ ಮಾದರಿಯಲ್ಲಿ ಸನ್ನೆಯ ತಂತಿಯ ನಾಳವನ್ನು ಮುಚ್ಚಿದ್ದರು, ಕೊಳೆ ಒಳಗೆ ಹೋಗದಿರಲೆಂಬುದು ಉದ್ದೇಶ. ಆದರೆ 2012ರಲ್ಲಿ ನೆದರ್ಲೆಂಡ್ಸಿನ ರೋಟರ್‌ಡ್ಯಾಮಿನ ಆಸ್ಪತ್ರೆಯೊಂದರಲ್ಲಿ ಈ ಯಂತ್ರದ ಮೂಲಕ ಔಷಧಗಳಿಗೆ ಬಗ್ಗದ ರೋಗಾಣುಗಳು ಒಬ್ಬರಿಂದೊಬ್ಬರಿಗೆ ಹರಡಿದವು; ಅಲ್ಲಿ ಯಂತ್ರವನ್ನು ಬಿಚ್ಚಿ ನೋಡಿದ ಪರಿಣತರು ಅದರ ರಚನೆಯ ಮೇಲೆಯೇ ಬೆರಳಿಟ್ಟರು. ತರುವಾಯ ಸಿಯಾಟಲ್, ಲಾಸ್ ಏಂಜಲೀಸ್ ಮೊದಲಾದ ಕಡೆಗಳಲ್ಲಿಯೂ ಇಂತಹವೇ ಪ್ರಕರಣಗಳು ಮರುಕಳಿಸಿದವು, ಸಾವುಗಳೂ ಸಂಭವಿಸಿದವು. 2012ರಿಂದ 2015ರವರೆಗೆ ಜಗತ್ತಿನಲ್ಲಿ ಇಂತಹ ಸ್ಕೋಪುಗಳಿಗೆ ಸಂಬಂಧಿಸಿದ ಕನಿಷ್ಠ 25 ಪ್ರಕರಣಗಳಲ್ಲಿ ಕನಿಷ್ಠ 250 ಮಂದಿಗೆ ಸೋಂಕು ತಗುಲಿತೆಂದು ಅಮೆರಿಕದ ಸೆನೆಟ್ ಸಮಿತಿಯೊಂದರ ವರದಿ 2016ರಲ್ಲಿ ಲೆಕ್ಕಹಾಕಿತು. ಆಸ್ಪತ್ರೆಗಳ ತೊಳೆಯುವ ಕೋಣೆಗಳಲ್ಲಿ ಸೂಚನೆಯಂತೆಯೇ ಉಜ್ಜಿದ ಕೈಗಳನ್ನು ಮೊದಮೊದಲು ಎಲ್ಲರೂ ದೂರಿದರು. ಕೊಳೆ ಹೋಗುತ್ತಿಲ್ಲವೆಂಬ ಮಾತು ಕಾರ್ಖಾನೆಗೆ ತಲಪಿದ್ದರೂ ಅಮೆರಿಕದ ಸರ್ಕಾರಕ್ಕೆ ಸಕಾಲದಲ್ಲಿ ವರದಿ ಹೋಗಲಿಲ್ಲ. ಉಜಿಯವರ ಮಾತಿಗೆ ಅಷ್ಟು ಶ್ರದ್ಧೆಯಿಂದ ಕಿವಿಗೊಟ್ಟಿದ್ದ ಮನೆಯಲ್ಲಿ ಇದು ನಡೆಯಿತೆಂಬುದೇ ವ್ಯಥೆಯ ವಿಷಯ. 2018ರ ಡಿಸೆಂಬರಿನಲ್ಲಿ ಒಲಿಂಪಸ್ಸಿನ ವೈದ್ಯಕೀಯ ಶಾಖೆ ಅಮೆರಿಕದ ನ್ಯಾಯಾಲಯದಲ್ಲಿ ತಪ್ಪೊಪ್ಪಿಕೊಂಡು ದಂಡ, ಮುಟ್ಟುಗೋಲು ಎರಡೂ ಸೇರಿ 8.5 ಕೋಟಿ ಡಾಲರು ತೆತ್ತಿತು.

2019ರ ಆಗಸ್ಟಿನಲ್ಲಿ ಅಮೆರಿಕದ ಆಹಾರ ಮತ್ತು ಔಷಧ ಆಡಳಿತವು ತುದಿಯ ಟೋಪಿಯನ್ನು ಬಿಚ್ಚಿ ಎಸೆಯಬಹುದಾದ ಡುವೋಡಿನೋಸ್ಕೋಪುಗಳಿಗೆ, ಇಲ್ಲವೇ ಒಮ್ಮೆ ಬಳಸಿ ಬಿಸಾಡುವ ಯಂತ್ರಗಳಿಗೆ ಬದಲಾಗುವಂತೆ ಆಸ್ಪತ್ರೆಗಳಿಗೆ ಸಲಹೆ ಮಾಡಿತು. ಅದೇ ವರ್ಷದ ಡಿಸೆಂಬರಿನಲ್ಲಿ ಬಾಸ್ಟನ್ ಸೈಂಟಿಫಿಕ್ ಕಂಪನಿಯ ಒಂದೇ ಬಳಕೆಯ ಡುವೋಡಿನೋಸ್ಕೋಪಿಗೆ ಅನುಮತಿ ದೊರೆಯಿತು. ಬಡ ದೇಶಗಳ ಆಸ್ಪತ್ರೆಗಳಿಗೆ ಬಿಸಾಡುವ ಯಂತ್ರದ ಬೆಲೆ ನಿಲುಕುವಂತಹದಲ್ಲವಾದುದರಿಂದ ಮೊದಲನೆಯ ದಾರಿಯೇ ಹೆಚ್ಚು ವ್ಯವಹಾರ್ಯವಾಗಿ ಕಾಣುತ್ತದೆ. ಒಲಿಂಪಸ್, ಪೆಂಟಾಕ್ಸ್, ಫ್ಯೂಜಿ ಈ ಮೂರೂ ಸಂಸ್ಥೆಗಳು ಈಗ ಟೋಪಿ ಕಳಚುವ ಮಾದರಿಗಳನ್ನು ಮಾಡುತ್ತಿವೆ. ಅವುಗಳಲ್ಲಿ ಟೋಪಿಯನ್ನು ತೆಗೆದರೆ ಸನ್ನೆಯ ಸುತ್ತಲಿನ ಸಂದಿಗೆ ಬ್ರಷ್ಷು ಮೊದಲಿಗಿಂತ ಸಲೀಸಾಗಿ ಹೋಗುತ್ತದೆ.